ಸಂಶಯಿತನ ಮೊರೆ

ದುಃಖಿಗಳಲ್ಲಿ ಎರಡು ಬಗೆಯವರನ್ನು ಲೋಕವು ಸುಲಭವಾಗಿ ಗುರುತಿಸುತ್ತದೆ. ಅನ್ಯಾಯಕ್ಕೆ ಗುರಿಯಾಗಿ ನೊಂದವನು ಒಬ್ಬ. ಅನ್ಯಾಯವನ್ನೆಸಗಿ ಅದರ ಫಲವಾಗಿ ಶಿಕ್ಷೆಯನ್ನು ಅನುಭವಿಸುತ್ತಿರುವವನು ಇನ್ನೊಬ್ಬ. ಮೊದಲನೆಯವನನ್ನು ಕಂಡು ಮರುಗುತ್ತೇವೆ; ಎರಡನೆಯವನನ್ನು ಕಂಡು, ಮಾಡಿದ್ದನ್ನು ಉಣ್ಣುತ್ತಿದ್ದಾನೆಂದು ಸುಮ್ಮನಾಗುತ್ತೇವೆ. ಆದರೆ ಇವರಿಬ್ಬರ ನಡುವೆ ಮೂರನೆಯವನೊಬ್ಬನು ನಿಂತಿರುವನು. ಅವನು ತಪ್ಪು ಮಾಡಿದ್ದಾನೆಂದು ಯಾರೂ ಇನ್ನೂ ತೀರ್ಮಾನಿಸಿಲ್ಲ, ಮಾಡಿಲ್ಲವೆಂದೂ ತೀರ್ಮಾನಿಸಿಲ್ಲ. ಅವನ ಮೇಲೆ ಬಿದ್ದಿರುವುದು ಸಂಶಯವೊಂದೇ. ಈ ಸಂಶಯಿತನು ತನಿಖೆಯ ಕಾಲದಲ್ಲಿ ಪಡುವ ಸಂಕಟವನ್ನು ಕೇಳತಕ್ಕವರು ಯಾರು? ಅದನ್ನು ಕೇಳುವುದು ಧರ್ಮವೋ, ಕೇಳದಿರುವುದು ಧರ್ಮವೋ? ಈ ಪ್ರಶ್ನೆಯನ್ನು ಇಲ್ಲಿ ಕೊಂಚ ವಿಚಾರಿಸೋಣ.

ತನಿಖೆಯ ಹೆಸರಿನಲ್ಲಿ ಪೋಲೀಸರು ತನಗೆ ಕಿರುಕುಳ ಕೊಡುತ್ತಿದ್ದಾರೆಂದು ಇಂಥವನೊಬ್ಬನು ಉಚ್ಚ ನ್ಯಾಯಾಲಯಕ್ಕೆ ಅರ್ಜಿ ಹಾಕಿಕೊಂಡನೆಂಬ ವಾರ್ತೆಯನ್ನು ನಾವು ಪತ್ರಿಕೆಗಳಲ್ಲಿ ಆಗಾಗ ಓದುತ್ತೇವೆ. ಓದಿದೊಡನೆ ನಮ್ಮ ಬಾಯಿಂದ ಬರುವ ಮಾತು ಸಾಮಾನ್ಯವಾಗಿ ಎರಡರಲ್ಲಿ ಒಂದು. 'ತಪ್ಪು ಮಾಡದವನಿಗೆ ಭಯವೇಕೆ?' ಎಂಬುದು ಒಂದು. 'ಕಳ್ಳನಿಗೆ ಕೋರ್ಟೇ ಆಸರೆಯಾಯಿತಲ್ಲ!' ಎಂಬುದು ಇನ್ನೊಂದು. ಈ ಎರಡು ಮಾತುಗಳನ್ನೂ ಆಡುವವರು ದುಷ್ಟರೇನೂ ಅಲ್ಲ. ಮನೆಮಠ ನಡೆಸಿಕೊಂಡು, ಹತ್ತು ಜನಕ್ಕೆ ಅನ್ನವಿಕ್ಕಿ, ನ್ಯಾಯಕ್ಕೆ ಅಂಜಿ ಬಾಳುವ ಸದ್ಗೃಹಸ್ಥರೇ ಆಗಿರುವರು. ಆದುದರಿಂದಲೇ ಈ ಮಾತುಗಳ ಸತ್ತ್ವವೆಷ್ಟೆಂಬುದನ್ನು ತೂಗಿ ನೋಡುವುದು ಅವಶ್ಯಕ.

ಮೊದಲು ತನಿಖೆಯ ಪಕ್ಷವನ್ನು ಪೂರ್ಣವಾಗಿ ಕೇಳೋಣ. ಪೋಲೀಸಿನವನ ಕಾಯಕ ಸುಲಭವಾದುದಲ್ಲ. ಕೊಲೆಯಾದ ಮನೆಗೆ ಅವನು ಹೋಗಲೇಬೇಕು. ಕೊಳೆತ ಹೆಣವನ್ನು ಮುಟ್ಟಲೇಬೇಕು. ನಾವೆಲ್ಲ ಮಲಗಿರುವಾಗ ಅವನು ಎಚ್ಚತ್ತಿರಬೇಕು. ಸತ್ಯವನ್ನು ತಾನಾಗಿ ಹೇಳಲು ಯಾವ ಅಪರಾಧಿಯೂ ಠಾಣೆಗೆ ಬರುವುದಿಲ್ಲ. ಕೆದಕಿ ಕೇಳಬೇಕು, ಮತ್ತೆ ಮತ್ತೆ ಕೇಳಬೇಕು, ಹೇಳಿದ್ದನ್ನು ಪರೀಕ್ಷಿಸಬೇಕು. ಪ್ರಶ್ನಿಸಿದ್ದೇ ಕಿರುಕುಳವೆಂದರೆ ತನಿಖೆಯೇ ನಿಂತುಹೋದೀತು. ತನಿಖೆ ನಿಂತರೆ, ಮಗನನ್ನು ಕಳೆದುಕೊಂಡ ತಾಯಿಗೆ ನ್ಯಾಯವೆಲ್ಲಿಂದ ಬರಬೇಕು?

ಈ ಕಾರಣದಿಂದಲೇ ನ್ಯಾಯಾಸ್ಥಾನಗಳು ತನಿಖೆಯೊಳಗೆ ಕೈಹಾಕಲು ಬಹುಕಾಲದಿಂದಲೂ ಹಿಂಜರಿಯುತ್ತ ಬಂದಿವೆ. ೧೯೪೪ರಲ್ಲಿ ಲಾಹೋರಿನಿಂದ ಮೇಲ್ಮನವಿಯಾಗಿ ಹೋದ ಖ್ವಾಜಾ ನಜೀರ್ ಅಹಮದ್ ಮೊಕದ್ದಮೆಯಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲು, ತನಿಖೆ ಮಾಡುವುದು ಪೋಲೀಸರ ಶಾಸನಬದ್ಧ ಅಧಿಕಾರವೆಂದೂ, ಆಪಾದನೆಯು ತನ್ನ ಮುಂದೆ ಬಂದ ಮೇಲೆಯೇ ನ್ಯಾಯಾಲಯದ ಕೆಲಸ ಮೊದಲಾಗುವುದೆಂದೂ ಹೇಳಿತು. ಒಬ್ಬರದು ಇನ್ನೊಬ್ಬರ ಕೆಲಸಕ್ಕೆ ಪೂರಕವೇ ಹೊರತು, ಒಬ್ಬರು ಇನ್ನೊಬ್ಬರ ಗದ್ದೆಯಲ್ಲಿ ನೇಗಿಲು ಹೂಡತಕ್ಕದ್ದಲ್ಲವೆಂಬುದು ಅದರ ತಾತ್ಪರ್ಯ. ಆದರೆ ಅದೇ ತೀರ್ಪು ಒಂದು ಬಾಗಿಲನ್ನು ತೆರೆದಿಟ್ಟಿತ್ತು: ಅಕ್ರಮವಾಗಿ ಬಂಧಿತನಾದವನ ದೇಹವನ್ನು ತನ್ನ ಮುಂದೆ ತರಿಸಿಕೊಳ್ಳುವ ನ್ಯಾಯಾಲಯದ ಅಧಿಕಾರಕ್ಕೆ ಇದು ಬಾಧಕವಲ್ಲವೆಂದು ಅದರಲ್ಲಿ ಸೇರಿಸಲಾಗಿತ್ತು. ತನಿಖೆಗೆ ಸ್ವಾತಂತ್ರ್ಯವುಂಟು, ನಿರಂಕುಶತೆಯಿಲ್ಲವೆಂಬುದನ್ನು ಪರಕೀಯರ ಆಳಿಕೆಯ ಕಾಲದಲ್ಲಿಯೂ ಒಪ್ಪಿಕೊಂಡಿದ್ದರೆಂದಾಯಿತು.

ಈ ಅಂಕುಶವೇಕೆ ಬೇಕಾಯಿತೆಂಬುದನ್ನು ತಿಳಿಯಲು ಇನ್ನೂ ಹಿಂದಕ್ಕೆ ಹೋಗಬೇಕು. ಮದರಾಸು ಆಧಿಪತ್ಯದಲ್ಲಿ ಜನರಿಗೆ ಚಿತ್ರಹಿಂಸೆ ಕೊಡಲಾಗುತ್ತಿದೆಯೆಂಬ ದೂರು ಇಂಗ್ಲೆಂಡಿನ ಪಾರ್ಲಿಮೆಂಟಿನವರೆಗೆ ಮುಟ್ಟಿದಾಗ, ವಿಚಾರಣೆಗಾಗಿ ಆಯೋಗವೊಂದು ನೇಮಕವಾಗಿ ೧೮೫೫ರಲ್ಲಿ ವರದಿಯನ್ನೊಪ್ಪಿಸಿತು. ನಮ್ಮ ಬಳ್ಳಾರಿಯೂ ಕನ್ನಡ ಜಿಲ್ಲೆಯೂ ಆಗ ಅದೇ ಆಧಿಪತ್ಯಕ್ಕೆ ಸೇರಿದ್ದುವು. ಕಂದಾಯದ ವಸೂಲಿಗಾಗಿಯೂ, ಅಪರಾಧವನ್ನು ಬಾಯಿಬಿಡಿಸುವುದಕ್ಕಾಗಿಯೂ ಹಿಂಸೆ ನಡೆಯುತ್ತಿರುವುದು ನಿಜವೆಂದು ಆಯೋಗವು ಕಂಡುಕೊಂಡಿತು. ಬೆರಳುಗಳನ್ನು ಮರದ ಇಕ್ಕುಳದಲ್ಲಿ ಸಿಕ್ಕಿಸಿ ಹಿಂಡುವುದು, ಮನುಷ್ಯನನ್ನು ಬಗ್ಗಿಸಿ ಕಟ್ಟಿ ಬಿಸಿಲಿನಲ್ಲಿ ನಿಲ್ಲಿಸುವುದು ಮುಂತಾದ ಕ್ರಮಗಳು ಅದರಲ್ಲಿ ವರ್ಣಿತವಾಗಿವೆ. ಆ ಆಯೋಗದವರನ್ನು ವಿಶೇಷವಾಗಿ ಕಾಡಿದ ಒಂದು ಸಂಗತಿಯನ್ನು ನಾವು ಗಮನಿಸಬೇಕು. ನೊಂದವನು ಪರಿಹಾರವನ್ನು ಪಡೆಯುವುದು ಎಷ್ಟು ಕಷ್ಟವೆಂಬುದೇ ಆ ಸಂಗತಿ. ಮೊರೆಯಿಡುವ ಸ್ಥಳ ದೂರ, ದಾರಿಯ ಖರ್ಚು ಹೆಚ್ಚು, ಮರಳಿ ಬಂದ ಮೇಲೆ ಅದೇ ಅಧಿಕಾರಿಯ ಕೈಕೆಳಗೆ ಬಾಳಬೇಕೆಂಬ ಭಯ ಅದಕ್ಕಿಂತ ಹೆಚ್ಚು.

ಇಂಥ ಅನುಭವಗಳ ಹಿನ್ನೆಲೆಯಲ್ಲಿಯೇ, ಪೋಲೀಸ್ ಅಧಿಕಾರಿಯ ಮುಂದೆ ಮಾಡಿದ ತಪ್ಪೊಪ್ಪಿಗೆಯನ್ನು ಆಪಾದಿತನ ವಿರುದ್ಧ ರುಜುವಾತಿಗೆ ತರಕೂಡದೆಂಬ ನಿಯಮವು ೧೮೬೧ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಸೇರಿತು. ೧೮೭೨ರ ಸಾಕ್ಷ್ಯ ಶಾಸನದ ೨೫ನೆಯ ಕಲಮಾಗಿ ನೆಲೆನಿಂತಿತು. ೨೦೨೪ರ ಜುಲೈ ೧ರಿಂದ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದ ೨೩ನೆಯ ಕಲಮಿನಲ್ಲಿಯೂ ಅದು ಉಳಿದಿದೆ. ಪೆಟ್ಟಿನಿಂದ ಬಂದ ಮಾತು ಪೆಟ್ಟಿನದೇ ಹೊರತು ಮನುಷ್ಯನದಲ್ಲ. ನೋವು ತಾಳಲಾರದವನು, ನೋವು ನಿಲ್ಲಲು ಏನು ಹೇಳಬೇಕೋ ಅದನ್ನೇ ಹೇಳುವನು. ಕೇಳುವವನಿಗೆ ಯಾವುದು ಬೇಕೋ ಅದನ್ನೇ ಅವನ ನಾಲಗೆ ಹುಡುಕುವುದು. ಬಲವಂತದಿಂದ ಪಡೆದ ಸತ್ಯಕ್ಕೂ ಸುಳ್ಳಿಗೂ ಇರುವ ವ್ಯತ್ಯಾಸವನ್ನು ಪಡೆದವನೇ ತಿಳಿಯಲಾರನು. ಆದರೂ ಆ ನಿಯಮಕ್ಕೊಂದು ಅಪವಾದವಿದೆ. ಬಂಧನದಲ್ಲಿರುವವನು ಕೊಟ್ಟ ಸುಳಿವಿನಿಂದ ಕಳುವಿನ ಮಾಲೋ ಆಯುಧವೋ ದೊರೆತರೆ, ಆ ಸಂಗತಿಗೆ ಸ್ಪಷ್ಟವಾಗಿ ಸಂಬಂಧಿಸಿದಷ್ಟು ಮಾತನ್ನು ರುಜುಪಡಿಸಬಹುದು. ಕಾನೂನಿನ ಈ ಸಣ್ಣ ಕಿಂಡಿಯು ಲಾಠಿಗೆ ಆಸೆ ಹುಟ್ಟಿಸುವ ಕಿಂಡಿಯೂ ಆಗಿದೆಯೆಂಬುದನ್ನು ಬಲ್ಲವರು ಅಲ್ಲಗಳೆಯಲಾರರು.

ಸ್ವತಂತ್ರ ಭಾರತದ ಸಂವಿಧಾನವು ಈ ವಿಚಾರವನ್ನು ಮೂಲಭೂತ ಹಕ್ಕುಗಳ ಸಾಲಿಗೇರಿಸಿತು. ಆಪಾದಿತನನ್ನು ತನ್ನ ವಿರುದ್ಧವೇ ಸಾಕ್ಷಿಯಾಗುವಂತೆ ಬಲಾತ್ಕರಿಸಕೂಡದೆಂದು ೨೦ನೆಯ ಅನುಚ್ಛೇದ ಹೇಳುತ್ತದೆ. ದಸ್ತಗಿರಿಯಾದವನಿಗೆ ಕಾರಣವನ್ನು ತಿಳಿಸಬೇಕು, ವಕೀಲನನ್ನು ಕಾಣಗೊಡಬೇಕು, ಪ್ರಯಾಣದ ಕಾಲವನ್ನು ಬಿಟ್ಟು ೨೪ ಗಂಟೆಗಳೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕೆಂದು ೨೨ನೆಯದು ವಿಧಿಸುತ್ತದೆ. ಈ ಹಕ್ಕುಗಳಿಗೆ ಭಂಗ ಬಂದಾಗ ೩೨ನೆಯ ಅನುಚ್ಛೇದದ ಪ್ರಕಾರ ಸರ್ವೋಚ್ಚ ನ್ಯಾಯಾಲಯಕ್ಕೂ, ೨೨೬ನೆಯದರ ಪ್ರಕಾರ ಉಚ್ಚ ನ್ಯಾಯಾಲಯಕ್ಕೂ ಮೊರೆಯಿಡಬಹುದು. ನಾವು ಪತ್ರಿಕೆಯಲ್ಲಿ ಓದುವ ಅರ್ಜಿಗಳು ಬಹುಮಟ್ಟಿಗೆ ಈ ದಾರಿಯಲ್ಲಿ ಬಂದವುಗಳೇ.

'ತಪ್ಪು ಮಾಡದವನಿಗೆ ಭಯವೇಕೆ?' ಎಂಬ ಮೊದಲನೆಯ ಮಾತಿಗೆ ಉತ್ತರವು ಖರಕ್ ಸಿಂಗ್ ಮೊಕದ್ದಮೆಯಲ್ಲಿ ಸಿಕ್ಕುತ್ತದೆ. ಉತ್ತರ ಪ್ರದೇಶದ ಈ ವ್ಯಕ್ತಿಯ ಮೇಲೆ ೧೯೪೧ರಲ್ಲಿ ದರೋಡೆಯ ಆಪಾದನೆ ಬಂದಿತ್ತು; ಸಾಕ್ಷ್ಯವಿಲ್ಲವೆಂದು ಬಿಡುಗಡೆಯಾಯಿತು. ಆದರೆ ಠಾಣೆಯ ಪುಸ್ತಕದಲ್ಲಿ ಅವನ ಹೆಸರು ಉಳಿಯಿತು. ಮುಂದೆ ಅವನು ಸರ್ವೋಚ್ಚ ನ್ಯಾಯಾಲಯಕ್ಕೆ ಹಾಕಿಕೊಂಡ ಅರ್ಜಿಯಲ್ಲಿದ್ದ ದೂರು ಇಷ್ಟೆ: ಗ್ರಾಮದ ಚೌಕೀದಾರನೂ ಪೋಲೀಸರೂ ರಾತ್ರಿಯ ವೇಳೆ ಬಾಗಿಲು ಬಡಿದು ಕೂಗಿ ಎಬ್ಬಿಸುತ್ತಾರೆ, ಕೆಲವೊಮ್ಮೆ ಠಾಣೆಗೆ ನಡೆಸಿಕೊಂಡು ಹೋಗುತ್ತಾರೆ, ಊರು ಬಿಟ್ಟು ಹೋಗಬೇಕಾದರೆ ಹೇಳಿ ಹೋಗಬೇಕು. ಇಲ್ಲಿ ರಕ್ತ ಸುರಿದಿಲ್ಲ, ಮೂಳೆ ಮುರಿದಿಲ್ಲ. ಬಾಗಿಲ ಮೇಲಿನ ಬಡಿತವೊಂದೇ. ಆದರೆ ಅದು ಯಾವ ರಾತ್ರಿ ಬರುವುದೆಂದು ತಿಳಿಯದ ಮನೆಯಲ್ಲಿ ನಿದ್ದೆಯೆಂಬುದು ಹೇಗೆ ಬರಬೇಕು? ಎಚ್ಚತ್ತ ಮಕ್ಕಳಿಗೆ ತಂದೆಯಾದವನು ಏನೆಂದು ಹೇಳಬೇಕು? ನೆರೆಯವರು ಕಿಟಕಿಯಿಂದ ನೋಡುತ್ತಿರುವಾಗ ಹೆಂಡತಿಯಾದವಳು ಮುಖವನ್ನು ಎಲ್ಲಿಡಬೇಕು? ನಿರ್ದೋಷಿಯಾದವನಿಗೂ ಭಯವಿರುವುದು ಇದಕ್ಕಾಗಿ. ಅವನು ಅಂಜುವುದು ತೀರ್ಪಿಗಲ್ಲ. ತೀರ್ಪೇ ಇಲ್ಲದೆ ದಿನದಿನವೂ ನಡೆಯುವ ಶಿಕ್ಷೆಗೆ.

೧೯೬೨ರಲ್ಲಿ ನ್ಯಾಯಾಲಯವು ರಾತ್ರಿಯ ವೇಳೆ ಮನೆಗೆ ನುಗ್ಗುವ ಆ ನಿಯಮವನ್ನು ಸಂವಿಧಾನಬಾಹಿರವೆಂದು ಹೊಡೆದುಹಾಕಿತು. ಉಳಿದ ಕಾವಲಿನ ನಿಯಮಗಳನ್ನು ಬಹುಮತದಿಂದ ಉಳಿಸಿತು. ಮನುಷ್ಯನ ಏಕಾಂತಕ್ಕೂ ಹಕ್ಕಿನ ಮಾನ್ಯತೆಯುಂಟು, ಆದುದರಿಂದ ಇಡೀ ನಿಯಮಾವಳಿಯೇ ಸಲ್ಲದೆಂದು ನ್ಯಾಯಮೂರ್ತಿ ಕೆ. ಸುಬ್ಬರಾಯರು ಭಿನ್ನಾಭಿಪ್ರಾಯವನ್ನು ಬರೆದರು. ಆ ಭಿನ್ನಾಭಿಪ್ರಾಯವು ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಕಾದಿತು. ನಮ್ಮ ಕರ್ನಾಟಕದ ಉಚ್ಚ ನ್ಯಾಯಾಲಯದಲ್ಲಿ ನ್ಯಾಯಾಧೀಶರಾಗಿದ್ದು ನಿವೃತ್ತರಾಗಿದ್ದ ಕೆ. ಎಸ್. ಪುಟ್ಟಸ್ವಾಮಿಯವರು ತಂದ ಮೊಕದ್ದಮೆಯಲ್ಲಿ, ೨೦೧೭ರಲ್ಲಿ ಒಂಬತ್ತು ಮಂದಿ ನ್ಯಾಯಾಧೀಶರು ಏಕಕಂಠದಿಂದ ಖಾಸಗಿತನವು ಮೂಲಭೂತ ಹಕ್ಕೆಂದು ಘೋಷಿಸಿ, ಹಳೆಯ ಬಹುಮತದ ಆ ಭಾಗವನ್ನು ತಳ್ಳಿಹಾಕಿದರು. ಹಳ್ಳಿಯ ಮನೆಯೊಂದರ ಬಾಗಿಲಿನ ಸದ್ದು ದೇಶಕ್ಕೆ ಕೇಳಿಸಲು ಅಷ್ಟು ಕಾಲ ಬೇಕಾಯಿತು.

ದೇಹವನ್ನು ಮುಟ್ಟದೆ ಮನಸ್ಸನ್ನು ಬಲಾತ್ಕರಿಸುವ ವಿಧಾನಗಳ ಬಗೆಗೂ ನ್ಯಾಯಾಲಯವು ಎಚ್ಚರ ವಹಿಸಿದೆ. ಒಡಿಶಾದ ಮುಖ್ಯಮಂತ್ರಿಯಾಗಿದ್ದ ನಂದಿನಿ ಸತ್ಪತಿಯವರ ಮೊಕದ್ದಮೆಯಲ್ಲಿ ೧೯೭೮ರಲ್ಲಿ, ಮೌನದ ಹಕ್ಕು ಪೋಲೀಸ್ ವಿಚಾರಣೆಯ ಹಂತದಿಂದಲೇ ಮೊದಲಾಗುವುದೆಂದು ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರು ತೀರ್ಪಿತ್ತರು. ಕರ್ನಾಟಕ ರಾಜ್ಯವು ಎದುರುಪಕ್ಷವಾಗಿದ್ದ ಸೆಲ್ವಿ ಮೊಕದ್ದಮೆಯಲ್ಲಿ ೨೦೧೦ರಲ್ಲಿ, ಔಷಧಿಯನ್ನು ಚುಚ್ಚಿ ಅರೆಮಂಪರಿನಲ್ಲಿ ಬಾಯಿಬಿಡಿಸುವ ಪರೀಕ್ಷೆಯನ್ನೂ ಸುಳ್ಳುಪತ್ತೆಯ ಪರೀಕ್ಷೆಯನ್ನೂ ಮನುಷ್ಯನ ಒಪ್ಪಿಗೆಯಿಲ್ಲದೆ ಮಾಡಕೂಡದೆಂದು ತೀರ್ಮಾನವಾಯಿತು. ಅಂತರಂಗವೆಂಬುದು ಮನುಷ್ಯನ ಕಟ್ಟಕಡೆಯ ಮನೆ. ಅದರ ಬಾಗಿಲು ಒಳಗಿನಿಂದ ತೆರೆಯತಕ್ಕದ್ದು.

ಇಲ್ಲಿ ಆಕ್ಷೇಪವೊಂದು ಬರುತ್ತದೆ, ಅದು ಹಗುರವಾದುದಲ್ಲ. ಕಿರುಕುಳವೆಂಬ ದೂರು ನಿಜವಾದ ಅಪರಾಧಿಯ ಕೈಯಲ್ಲಿಯೂ ಆಯುಧವಾಗಬಹುದಷ್ಟೆ? ಹಣವುಳ್ಳವನು ದೊಡ್ಡ ವಕೀಲರನ್ನಿಟ್ಟು ಅರ್ಜಿಯ ಮೇಲೆ ಅರ್ಜಿಯನ್ನು ಹಾಕಿ, ತನಿಖೆಯನ್ನು ವರ್ಷಗಟ್ಟಲೆ ಎಳೆಯಬಹುದಲ್ಲವೆ? ಅಹುದು, ಹಾಗಾಗುವುದುಂಟು. ಆದರೆ ನ್ಯಾಯಾಲಯಗಳು ಇದನ್ನರಿಯದೆ ಕುಳಿತಿಲ್ಲ. ೧೯೯೦ರ ಭಜನ್‌ಲಾಲ್ ಮೊಕದ್ದಮೆಯಲ್ಲಿ ತನಿಖೆಯನ್ನೇ ರದ್ದುಪಡಿಸಬಹುದಾದ ಏಳು ಬಗೆಯ ಸಂದರ್ಭಗಳನ್ನು ಸರ್ವೋಚ್ಚ ನ್ಯಾಯಾಲಯವು ಹೇಳಿ, ಈ ಅಧಿಕಾರವನ್ನು ಅತಿ ವಿರಳವಾಗಿ ಬಳಸಬೇಕೆಂದು ಎಚ್ಚರಿಸಿದೆ. ಕಿರುಕುಳದ ಅರ್ಜಿಗಳಲ್ಲಿ ಉಚ್ಚ ನ್ಯಾಯಾಲಯಗಳು ಸಾಮಾನ್ಯವಾಗಿ ಕೊಡುವ ಆಜ್ಞೆಯು ಮಿತವಾದುದೇ: ತನಿಖೆ ನಡೆಯಲಿ, ಅರ್ಜಿದಾರನು ಅದಕ್ಕೆ ಸಹಕರಿಸಲಿ, ಆದರೆ ತನಿಖೆಯ ನೆಪದಲ್ಲಿ ಅವನನ್ನು ಪೀಡಿಸತಕ್ಕದ್ದಲ್ಲ, ಕರೆಸುವುದಾದರೆ ಲಿಖಿತ ನೋಟೀಸಿನ ಮೂಲಕ ಕರೆಸಬೇಕು. ಇದರಲ್ಲಿ ಅಪರಾಧಿಗೆ ಸಿಕ್ಕಿದ ಲಾಭವಾದರೂ ಏನು? ಕಾನೂನು ಮೊದಲೇ ಹೇಳಿದ್ದನ್ನು ನ್ಯಾಯಾಲಯವು ಮತ್ತೊಮ್ಮೆ ಹೇಳಿತು, ಅಷ್ಟೆ. ಸಂಗತಿಯನ್ನು ಬಲ್ಲವರನ್ನು ಲಿಖಿತ ಆಜ್ಞೆಯಿಂದಲೇ ಕರೆಸಬೇಕೆಂದೂ, ಹೆಂಗಸರನ್ನು, ೧೫ ವರ್ಷದೊಳಗಿನವರನ್ನು, ೬೦ ವರ್ಷ ಮೀರಿದವರನ್ನು, ಅಂಗವಿಕಲರನ್ನು, ತೀವ್ರ ರೋಗದಿಂದ ನರಳುವವರನ್ನು ಅವರ ವಾಸಸ್ಥಳದಲ್ಲದೆ ಬೇರೆಡೆಗೆ ಬರುವಂತೆ ಒತ್ತಾಯಿಸಕೂಡದೆಂದೂ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ೧೭೯ನೆಯ ಕಲಮು ವಿಧಿಸಿಯೇ ಇದೆ.

ಇನ್ನೊಂದು ಮಾತನ್ನೂ ಮರೆಯಲಾಗದು. ಕಿರುಕುಳದ ಆರೋಪವೂ ಒಂದು ಆರೋಪವೇ. ಸಂಶಯಿತನು ದೂರಿತ್ತ ಮಾತ್ರಕ್ಕೆ ಪೋಲೀಸಿನವನು ಪಾಪಿಯಾಗಲಿಲ್ಲ. ಅವನಿಗೂ ಹೆಸರಿದೆ, ಸಂಸಾರವಿದೆ, ಉತ್ತರ ಹೇಳುವ ಹಕ್ಕಿದೆ. ವಿಚಾರಿಸದೆ ಒಬ್ಬನನ್ನು ಕಳ್ಳನೆನ್ನುವುದು ಎಷ್ಟು ತಪ್ಪೋ, ವಿಚಾರಿಸದೆ ಇನ್ನೊಬ್ಬನನ್ನು ಕ್ರೂರಿಯೆನ್ನುವುದೂ ಅಷ್ಟೇ ತಪ್ಪು. ಆದುದರಿಂದ ಅರ್ಜಿದಾರನ ಮೇಲೆ ಗುರುತರವಾದ ಹೊಣೆಯಿದೆ. ಅವನು ಪ್ರಮಾಣಪತ್ರದಲ್ಲಿ ಬರೆಯುವ ಪ್ರತಿಯೊಂದು ವಾಕ್ಯವೂ ಸತ್ಯವಾಗಿರಬೇಕು. ಯಾವ ದಿನ, ಯಾವ ಹೊತ್ತು, ಯಾರು, ಏನು ಮಾಡಿದರೆಂಬುದು ಅದರಲ್ಲಿರಬೇಕು. ಸುಳ್ಳು ದೂರನ್ನು ಕೊಡುವವನು ಒಬ್ಬ ಅಧಿಕಾರಿಗೆ ಮಾತ್ರ ಅನ್ಯಾಯ ಮಾಡುವುದಿಲ್ಲ; ಮುಂದೆ ನಿಜವಾಗಿ ಪೆಟ್ಟು ತಿಂದು ಬರುವ ಬಡವನ ಮಾತನ್ನು ಯಾರೂ ನಂಬದಂತೆ ಮಾಡುವನು. ೨೦೨೦ರಲ್ಲಿ ಸರ್ವೋಚ್ಚ ನ್ಯಾಯಾಲಯವು ಎಲ್ಲ ಪೋಲೀಸ್ ಠಾಣೆಗಳಲ್ಲಿಯೂ ದೃಶ್ಯವನ್ನೂ ಧ್ವನಿಯನ್ನೂ ಮುದ್ರಿಸಿಡುವ ಕ್ಯಾಮರಾಗಳನ್ನು ಅಳವಡಿಸಬೇಕೆಂದು ಆಜ್ಞಾಪಿಸಿದ್ದು ಈ ಎರಡು ದೃಷ್ಟಿಯಿಂದಲೂ ಯೋಗ್ಯವಾದುದು. ನೊಂದವನಿಗೆ ಅದು ಸಾಕ್ಷಿ; ಪ್ರಾಮಾಣಿಕನಾದ ಅಧಿಕಾರಿಗೆ ಅದೇ ರಕ್ಷೆ.

ಎರಡನೆಯ ಆಕ್ಷೇಪವು ನೊಂದವರ ಪರವಾಗಿ ಬರತಕ್ಕದ್ದು. 'ನನ್ನ ಮನೆ ಹಾಳಾಗಿರುವಾಗ, ಹಾಳು ಮಾಡಿದವನ ಸುಖದುಃಖವನ್ನು ವಿಚಾರಿಸುತ್ತೀರಾ?' ಎಂದು ಕೇಳುವವರ ಕಣ್ಣೀರಿಗೆ ತರ್ಕದಿಂದ ಉತ್ತರ ಕೊಡುವುದು ಕಠಿಣ. ಆದರೂ ಹೇಳಲೇಬೇಕು: ಹಾಳು ಮಾಡಿದವನು ಅವನೇ ಎಂಬುದು ಇನ್ನೂ ಗೊತ್ತಾಗಿಲ್ಲವಲ್ಲ! ಪೆಟ್ಟಿನಿಂದ ಒಬ್ಬನನ್ನು ಒಪ್ಪಿಸಿದ ದಿನ ಹುಡುಕಾಟ ನಿಲ್ಲುತ್ತದೆ. ಹುಡುಕಾಟ ನಿಂತ ದಿನ ನಿಜವಾದ ಅಪರಾಧಿಯು ನೆಮ್ಮದಿಯಿಂದ ಮಲಗುತ್ತಾನೆ. ಕಡೆಗೆ ಆ ಒಪ್ಪಿಗೆಯು ನ್ಯಾಯಾಲಯದಲ್ಲಿ ನಿಲ್ಲದೆ ಮೊಕದ್ದಮೆ ಬಿದ್ದುಹೋದಾಗ, ನೊಂದ ತಾಯಿಗೆ ಉಳಿಯುವುದು ಬರಿಗೈ. ಲಾಠಿಯು ಆಕೆಗೆ ನ್ಯಾಯವನ್ನು ತಂದುಕೊಡುವುದಿಲ್ಲ. ನ್ಯಾಯ ದೊರೆಯಿತೆಂಬ ಭ್ರಮೆಯನ್ನು ಕೆಲವು ದಿನ ಕೊಟ್ಟು, ಆಮೇಲೆ ಅದನ್ನೂ ಕಸಿದುಕೊಳ್ಳುತ್ತದೆ.

ಅರ್ಜಿ ಹಾಕಬಲ್ಲವರ ಮಾತು ಇಷ್ಟಾಯಿತು, ಹಾಕಲಾರದವರ ಗತಿಯೇನು? ಕೂಲಿಯವನಿಗೆ ವಕೀಲನಾರು? ಓದುಬರಹ ಬಾರದವಳಿಗೆ ಪ್ರಮಾಣಪತ್ರವೆಲ್ಲಿ? ೧೯೮೮ರಲ್ಲಿ ಒಡಿಶಾದ ಒಬ್ಬ ತಾಯಿಯು ಸರ್ವೋಚ್ಚ ನ್ಯಾಯಾಲಯಕ್ಕೆ ಬರೆದುದು ಒಂದು ಪತ್ರ ಮಾತ್ರ. ಕಳ್ಳತನದ ತನಿಖೆಗೆಂದು ಪೋಲೀಸರು ಕರೆದೊಯ್ದ ಆಕೆಯ ೨೨ ವರ್ಷದ ಮಗನು ಮರುದಿನ ರೈಲು ಹಳಿಯ ಬಳಿ ಹೆಣವಾಗಿ ಸಿಕ್ಕಿದ್ದನು. ನ್ಯಾಯಾಲಯವು ಆ ಪತ್ರವನ್ನೇ ಅರ್ಜಿಯೆಂದು ಸ್ವೀಕರಿಸಿ, ೧೯೯೩ರಲ್ಲಿ ರಾಜ್ಯವು ಆಕೆಗೆ ೧,೫೦,೦೦೦ ರೂಪಾಯಿ ಪರಿಹಾರ ಕೊಡಬೇಕೆಂದು ವಿಧಿಸಿತು. ಪಶ್ಚಿಮ ಬಂಗಾಳದ ಡಿ. ಕೆ. ಬಸು ಅವರು ೧೯೮೬ರಲ್ಲಿ ಬರೆದ ಇನ್ನೊಂದು ಪತ್ರದಿಂದ ಹುಟ್ಟಿದ ೧೯೯೬ರ ತೀರ್ಪು, ದಸ್ತಗಿರಿಯ ಕಾಲದಲ್ಲಿ ಪಾಲಿಸತಕ್ಕ ಹನ್ನೊಂದು ನಿಯಮಗಳನ್ನು ಕೊಟ್ಟಿತು. ದಸ್ತಗಿರಿ ಮಾಡುವವನ ಹೆಸರು ಎದೆಯ ಮೇಲೆ ಕಾಣುವಂತಿರಬೇಕು. ದಸ್ತಗಿರಿಯ ಪತ್ರಕ್ಕೆ ಮನೆಯವರೋ ಊರಿನ ಗೌರವಸ್ಥರೋ ಸಾಕ್ಷಿ ಹಾಕಬೇಕು. ಬಂಧುವೊಬ್ಬನಿಗೆ ಸುದ್ದಿ ಮುಟ್ಟಿಸಬೇಕು. ೪೮ ಗಂಟೆಗಳಿಗೊಮ್ಮೆ ವೈದ್ಯರಿಂದ ಪರೀಕ್ಷೆ ಮಾಡಿಸಬೇಕು. ೧೯೮೭ರ ಕಾನೂನು ಸೇವಾ ಪ್ರಾಧಿಕಾರಗಳ ಶಾಸನದಂತೆ ಹೆಂಗಸರಿಗೂ, ಪರಿಶಿಷ್ಟರಿಗೂ, ಬಂಧನದಲ್ಲಿರುವವರಿಗೂ ಅವರ ವರಮಾನವನ್ನು ನೋಡದೆ ಉಚಿತ ವಕೀಲರ ನೆರವು ದೊರೆಯತಕ್ಕದ್ದು. ೨೦೦೮ರಲ್ಲಿ ಸಂಚಾರಿ ಪೀಠಗಳಾಗಿ ಮೊದಲಾಗಿ ೨೦೧೩ರಲ್ಲಿ ಖಾಯಂ ಆದ ಧಾರವಾಡ, ಕಲಬುರ್ಗಿಗಳ ಪೀಠಗಳಿಂದಾಗಿ, ಉತ್ತರ ಕರ್ನಾಟಕದ ಬಡವನು ಮೊರೆಯಿಡಲು ಬೆಂಗಳೂರಿನವರೆಗೆ ಅಲೆಯಬೇಕಾಗಿಲ್ಲ. ೧೮೫೫ರ ಆಯೋಗವು ಕಂಡ ದೂರವು ಅಷ್ಟರಮಟ್ಟಿಗೆ ಕಡಿಮೆಯಾಗಿದೆ. ಇವೆಲ್ಲವನ್ನು ತಿಳಿದವರು ತಿಳಿಯದವರಿಗೆ ಹೇಳುವುದು ಒಂದು ದಾಸೋಹವೇ ಸರಿ.

ಕಾನೂನು ಇಷ್ಟನ್ನು ಮಾಡಬಲ್ಲುದು. ಮಿಕ್ಕದ್ದು ನಮ್ಮ ಕೈಯಲ್ಲಿದೆ. ಮನೆಯಲ್ಲಿ ಒಡವೆಯೊಂದು ಕಾಣೆಯಾಯಿತೆನ್ನಿ. ನಮ್ಮ ಸಂಶಯವು ಮೊದಲು ಯಾರ ಮೇಲೆ ಬೀಳುತ್ತದೆ? ಬಂದುಹೋದ ನೆಂಟರ ಮೇಲೆ ಬೀಳುವುದಿಲ್ಲ. ಮಗನ ಸ್ನೇಹಿತರ ಮೇಲೆ ಬೀಳುವುದಿಲ್ಲ. ಮುಸುರೆ ತಿಕ್ಕುವವಳ ಮೇಲೆ, ಕೊಟ್ಟಿಗೆಯ ಆಳಿನ ಮೇಲೆ ಬೀಳುತ್ತದೆ. ಠಾಣೆಗೆ ಹೋಗಿ ಅವರ ಹೆಸರನ್ನೇ ಹೇಳುತ್ತೇವೆ. ಅಷ್ಟಕ್ಕೇ ನಿಲ್ಲದೆ, 'ಎರಡು ಬಿಗಿದರೆ ತಾನೇ ಬಾಯಿಬಿಡುತ್ತಾಳೆ' ಎಂಬ ಮಾತನ್ನೂ ಸೇರಿಸುತ್ತೇವೆ. ಆ ಮೇಲೆ ಠಾಣೆಯೊಳಗೆ ನಡೆದುದಕ್ಕೂ ನಮಗೂ ಸಂಬಂಧವಿಲ್ಲವೆಂದು ತಿಳಿದು ಮನೆಗೆ ಬಂದು ಸ್ನಾನಪೂಜೆಗಳಲ್ಲಿ ತೊಡಗುತ್ತೇವೆ. ವಾಚಕರೇ, ಆ ಲಾಠಿಯನ್ನು ಎತ್ತಿದ ಕೈ ಪೋಲೀಸಿನವನದಾದರೂ ಅದನ್ನೆತ್ತಿಸಿದ ನಾಲಗೆ ಯಾರದು? ಎರಡು ದಿನಗಳ ಮೇಲೆ ಒಡವೆಯು ಪೆಟ್ಟಿಗೆಯ ಮೂಲೆಯಲ್ಲಿ ಸಿಕ್ಕರೆ, ಆ ಹೆಂಗಸಿನ ಮಾನವನ್ನು ಯಾವ ಪೆಟ್ಟಿಗೆಯಿಂದ ತೆಗೆದು ಕೊಡುತ್ತೇವೆ?

ತುರುಗಳನ್ನು ಹೊಡೆದೊಯ್ದ ಕಳ್ಳರ ಹಿಂದೆಯೇ, ತಾಯಿಯಿಲ್ಲದೆ ಒರಲುವ ಕರುಗಳನ್ನೂ ಕಳುಹಿಸಿಕೊಟ್ಟ ಬಸವಣ್ಣನವರ ಕಥೆಯನ್ನು ನಾವೆಲ್ಲ ಭಕ್ತಿಯಿಂದ ಕೇಳಿದ್ದೇವೆ. ಅಷ್ಟು ಎತ್ತರವನ್ನು ಸಂಸಾರಿಗಳಾದ ನಾವು ಏರಲಾರೆವೆಂದೇ ಇಟ್ಟುಕೊಳ್ಳೋಣ. ಫಿರ್ಯಾದು ಕೊಡುವುದು ತಪ್ಪಲ್ಲ; ಕಳೆದುದನ್ನು ಹುಡುಕಿಸುವುದು ತಪ್ಪಲ್ಲ. ಆದರೆ ಕಂಡದ್ದನ್ನು ಮಾತ್ರ ಹೇಳಿ ಊಹೆಯನ್ನು ಊಹೆಯೆಂದೇ ಹೇಳುವುದು, ಹೊಡೆಯಿರೆಂಬ ಮಾತು ನಾಲಗೆಯ ತುದಿಗೆ ಬಂದಾಗ ಅದನ್ನು ಅಲ್ಲಿಯೇ ತಡೆಯುವುದು, ಇಷ್ಟು ನಮ್ಮಿಂದ ಆಗದೆ? ಠಾಣೆಗೆ ಕರೆಸಲ್ಪಟ್ಟವನ ಮನೆಯೊಡನೆ ಕೊಳುಕೊಡೆಯನ್ನು ಮುರಿಯದಿರುವುದು, ಅವನ ಮಗಳಿಗೆ ಬಂದ ಸಂಬಂಧವನ್ನು ಗಾಳಿಮಾತಿನಿಂದ ಕೆಡಿಸದಿರುವುದು, ಅವನ ದಸ್ತಗಿರಿಯ ಪತ್ರಕ್ಕೆ ಸಾಕ್ಷಿ ಹಾಕಲು ಕರೆ ಬಂದರೆ ಹಿಂದೆ ಸರಿಯದಿರುವುದು ನಮ್ಮ ಕೈಮೀರಿದ ಕೆಲಸಗಳೇ?

ನ್ಯಾಯಾಲಯವು ಸಂಶಯಿತನ ಮೊರೆಯನ್ನು ಕೇಳುವಾಗ ಅವನು ಒಳ್ಳೆಯವನೆಂದು ಹೇಳುವುದಿಲ್ಲ. ಅವನು ಮನುಷ್ಯನೆಂದು ಹೇಳುತ್ತದೆ, ಮತ್ತು ಅವನ ವಿಷಯದಲ್ಲಿ ಕಡೆಯ ಮಾತು ಇನ್ನೂ ಆಡಲ್ಪಟ್ಟಿಲ್ಲವೆಂದು ಹೇಳುತ್ತದೆ. ಆ ಕಡೆಯ ಮಾತು ಬರುವವರೆಗೆ ತಾಳುವುದು ನ್ಯಾಯಾಧೀಶರಿಗೆ ವಿಧಿ. ನಮಗೆ ಅದು ಸದಾಚಾರ. ಇನ್ನು ಮುಂದೆ ಇಂಥ ಅರ್ಜಿಯೊಂದರ ವಾರ್ತೆಯನ್ನು ಓದುವಾಗ, 'ಕಳ್ಳನಿಗೆ ಕೋರ್ಟೇ ಆಸರೆ' ಎಂದು ನುಡಿಯುವ ಮೊದಲು, ಕಳ್ಳನೆಂದು ನಮಗೆ ಹೇಳಿದವರಾರೆಂದು ಒಮ್ಮೆ ಕೇಳಿಕೊಳ್ಳೋಣ. ಸಂಶಯಕ್ಕೆ ತುತ್ತಾದ ನೆರೆಯವನ ಮನೆಯಲ್ಲಿ ಆ ರಾತ್ರಿ ಒಲೆ ಹೊತ್ತಿದೆಯೇ ಎಂಬುದನ್ನೂ ವಿಚಾರಿಸೋಣ.